ಐತವಾರದ ಅಪ್ಪ, ವಾರವಿಡೀ ಅವ್ವ

ಗಂಡ-ಹೆಂಡತಿ ಬೇರೆಯಾದರೆ ಮನೆಯಲ್ಲಿ ನಗು ನಿಲ್ಲಬಹುದು, ಕೋರ್ಟಿನಲ್ಲಿ ಮಾತ್ರ ಮಕ್ಕಳು ಅದನ್ನು ನಿಲ್ಲಗೊಡುವುದಿಲ್ಲ. ನಾನು ತೆಲುಗು ನಾಡಿನ ಗಡಿಯೂರು ಜಹೀರಾಬಾದಿನ ವಕೀಲೆ. ಫ್ಯಾಮಿಲಿ ಕೋರ್ಟಿಗೆ ಹೋಗಿಬಂದ ದಿನ ಮನೆಯವರು ಚಪ್ಪಲಿ ಬಿಡುವ ಮೊದಲೇ ಕೇಳುತ್ತಾರೆ, "ಇವತ್ತೇನಾತು?"

೧. ಕರೆತಂದವರು ಯಾರು?

ಝರಾಸಂಗಂ ಕಡೆಯ ಪುಟ್ಟ ಹುಡುಗಿ. ತನ್ನ ಹತ್ತಿರವೇ ಇರಬೇಕೆಂದು ಅಪ್ಪ, ಅವ್ವ ಇಬ್ಬರದೂ ಹಟ. ನಮ್ಮ ಜಡ್ಜ್ ಮೇಡಂ ಮಗುವನ್ನು ತಮ್ಮ ಕೋಣೆಗೆ ಕರೆಸಿ, ದೊಡ್ಡ ಕುರ್ಚಿ ಬಿಟ್ಟು ಮಗುವಿನ ಪಕ್ಕದಲ್ಲೇ ಕೂತರು. ಅವರದು ತೆಲುಗು, ಮಗುವಿನದು ಕನ್ನಡ, ನಡುವೆ ನಾನು.

"ಅಪ್ಪ-ಅವ್ವನ ಕೂಡ ಇಲ್ಲಿಗ್ಯಾಕ ಬಂದೀ ಅಂತ ಕೇಳ್ತಾರವ್ವಾ," ಅಂದೆ.

"ನಾ ಅವರ ಕೂಡ ಬಂದಿಲ್ರಿ, ನಾನೇ ಅವರ್ನ ಕರಕೊಂಡು ಬಂದೀನಿ. ಮನ್ಯಾಗ ಯಾರ ಮಾತೂ ಕೇಳಂಗಿಲ್ಲ. ಸ್ವಲ್ಪ ಜೋರು ಮಾಡ್ರಿ."

ಮೇಡಂ ಹೊರಗೆ ಬಂದು ಇಬ್ಬರಿಗೂ ಸರಿಯಾಗಿ ಜೋರು ಮಾಡಿದರು. ಮಗು ಬಾಗಿಲಲ್ಲಿ ನಿಂತು, ಕೇಸು ಹಾಕಿದ್ದೇ ತಾನು ಅನ್ನುವ ಹಾಗೆ ತಲೆಯಾಡಿಸುತ್ತಿತ್ತು.

೨. ಅಪ್ಪನ ಜಡೆ

ನಾರಾಯಣಖೇಡದ ಟ್ರ್ಯಾಕ್ಟರ್ ಮೆಕ್ಯಾನಿಕ್ ಒಬ್ಬನಿಗೆ ಐತವಾರ ಮಾತ್ರ ಮಗಳ ಭೇಟಿ. "ತಲಿ ಕೆದರಿಸಿ ಕಳಸ್ತಾನ್ರಿ, ಭೇಟಿ ಬಂದ್ ಮಾಡ್ರಿ," ಅಂತ ಹೆಂಡತಿಯ ದೂರು.

ಮೇಡಂ ಅವನನ್ನೇ ಕೇಳಿದರು, "ಜಡೆ ಹಾಕಲು ಬರುತ್ತದೇನು?"

"ಕಲೀತೀನ್ರಿ."

ಗ್ಯಾರೇಜಿನ ಹಗ್ಗ ಹೆಣೆದು ಹೆಣೆದು ಕಲಿತನಂತೆ, ಮಹರಾಯ! ಮುಂದಿನ ವಾಯಿದೆಗೆ ಕೋರ್ಟಿಗೆ ಬಂದ ಮಗಳ ತಲೆಯಲ್ಲಿ ಅಂದವಾದ ಎರಡು ಜಡೆ. ನಾನಂತೂ ಬೆರಗಾದೆ. ಹೆಂಡತಿಯ ದೂರು ಮಾತ್ರ ನಿಲ್ಲಲಿಲ್ಲ: "ನಟ್ಟು-ಬೋಲ್ಟು ಬಿಗಿದಂಗ ಬಿಗೀತಾನ್ರೀ. ಬುಧವಾರ ಬಂದ್ರೂ ಬಿಚ್ಚಾಕ ಬರವಲ್ದು!"

೩. ತಾಂಡೂರು ಬಸ್ಸು

ಗಂಡ ತಾಂಡೂರಿನ ಹಾಸುಗಲ್ಲು ವ್ಯಾಪಾರಿ, ಹೆಂಡತಿ ಜಹೀರಾಬಾದಿನ ಟೀಚರಮ್ಮ. ಮಾತು ಬಿಟ್ಟು ಬಹಳ ಕಾಲವಾಗಿತ್ತು. ಶನಿವಾರ ಅವಳು ಬಸ್‌ಸ್ಟ್ಯಾಂಡಿನಲ್ಲಿ ಮಗಳನ್ನು ಒಪ್ಪಿಸಬೇಕು, ಅವನು ಕರೆದೊಯ್ಯಬೇಕು ಅಂತ ಆದೇಶ. ಒಂದು ಶನಿವಾರ ಮಗುವಿಗೆ ಸಣ್ಣ ಜ್ವರ.

"ಔಷಧ ಊಟ ಆದಮ್ಯಾಗ ಕೊಡ್ರಿ," ಅಂದಳು.

"ನನಗ ಗೊತ್ತದ."

"ಏನು ಗೊತ್ತದ? ಹೋದ ಸಲ ಖಾಲಿ ಹೊಟ್ಟ್ಯಾಗ ಕೊಟ್ಟಿದ್ರಿ!"

ಹೀಗೆ ಶುರುವಾದದ್ದು ಬಸ್ಸಿನ ಮೆಟ್ಟಿಲು ಹತ್ತಿ, ಸೀಟಿನವರೆಗೂ ಹೋಯಿತು. ಕಂಡಕ್ಟರ್ "ಮೂರೂ ತಾಂಡೂರಾ?" ಅಂದಾಗ ಜಗಳದ ನಡುವೆಯೇ ಇಬ್ಬರೂ "ಹೂಂ" ಅಂದರು. ಊರು ದಾಟಿದ ಮೇಲೆ ಅವಳಿಗೆ ಎಚ್ಚರವಾಯಿತು. ಇಳಿಯೋಣವೆಂದರೆ ಮಗು ತೊಡೆಯ ಮೇಲೆ ನಿದ್ದೆ ಹೋಗಿತ್ತು. ತಾಂಡೂರಿನಲ್ಲಿ ಅತ್ತೆ ಏನೂ ಕೇಳದೆ ಇನ್ನೊಂದು ತಾಟು ಹಾಕಿದರಂತೆ.

ವಾಯಿದೆಯ ದಿನ ಅವಳೇ ಎದ್ದು ಎಲ್ಲ ಹೇಳಿದಳು. ಆದೇಶ ಮುರಿದಂತಾಯಿತಲ್ಲ ಅಂತ ಅವಳ ವಕೀಲೆಯಾದ ನಾನು ಕ್ಷಮೆ ಕೇಳಲು ಎದ್ದು ನಿಂತೆ.

ಮೇಡಂ ಕೇಳಿದ್ದು ಒಂದೇ, "ಜ್ವರ ಬಿಟ್ಟಿತಾ?"

"ಬಿಟ್ಟದ್ರಿ."

"ಹಾಗಾದರೆ ಆದೇಶ ಚೆನ್ನಾಗಿಯೇ ಪಾಲನೆಯಾಗಿದೆ."

ಅಷ್ಟರಲ್ಲಿ ಗಂಡ ಎದ್ದು ಕೈಮುಗಿದ. "ಮೇಡಂರೀ, ತಾಂಡೂರು ಬಂದ್ರೂ ಜಗಳ ಮುಗೀಲಿಲ್ರಿ. ಮುಂದಿನ ಶನಿವಾರನೂ ಬಂದು ಮುಗಿಸಿ ಹೋಗ್ಲಿ ಅಂತ ಒಂದು ಆರ್ಡರ್ ಕೊಡ್ರಿ."

ಮೇಡಂ ಅವಳ ಕಡೆ ನೋಡಿದರು. ಅವಳು ತಲೆಯೆತ್ತದೆ ಅಂದಳು, "ಕಿಟಕಿ ಸೀಟು ಕೊಟ್ರ ನೋಡ್ತೀನ್ರಿ."