ಕುಡಿಕೆಗೆ ಬೀಳದ ಬೈಗುಳ

ಚಿಕ್ಕಬಸವಯ್ಯ: ಬಯ್ಯಿ ಅಂದ್ರ ಬಯ್ಬೇಕು ಕಣಮ್ಮಿ. ಆಗ್ಲಿಂದ ಈ ಮಣ್ಣಿನ ಕುಡ್ಕ ಹಿಡ್ಕಂಡು ಕೂತಿವ್ನಿ, ಕೈ ಜೋಮು ಹಿಡಿತಾ ಅದ.

ಗುರುಮಲ್ಲಮ್ಮ: ಬಯ್ಯಾದಿಲ್ಲ ಅಂದ್ರ ಬಯ್ಯಾದಿಲ್ಲ. ಕಾಪಿ ಕುಡ್ದಿಯಾ?

ಚಿಕ್ಕಬಸವಯ್ಯ: ನೋಡು, ಬಯ್ಯಿ ಅಂದ್ರ ಕಾಪಿ ಕೊಡ್ತಾಳ!

ಗುಂಡ್ಲುಪೇಟೆಯಿಂದ ಕೇರಳದ ದಾರಿಯಲ್ಲಿರುವ ಮದ್ದೂರಿನ ಕಡೆಗೆ, ಕಾಡಿಗೆ ಅಂಟಿಕೊಂಡಿರುವ ಆ ಊರಿನ ಮಣ್ಣೇ ಹಾಗೆ. ಅದರಲ್ಲಿ ಮಾಡಿದ ಕುಡಿಕೆಯನ್ನು ಬಾಯಿಯ ಎದುರು ಹಿಡಿದರೆ, ಆಡಿದ ಮಾತು ಪಕ್ಕದಲ್ಲಿದ್ದವರಿಗೂ ಕೇಳುವುದಿಲ್ಲ. ಅಷ್ಟೂ ಕುಡಿಕೆಯೊಳಗೆ ಇಳಿದು ಕೂತುಬಿಡುತ್ತದೆ. ಮುಚ್ಚಳ ತೆಗೆದಾಗ ಒಂದೇ ಒಂದು ಸಲ ಹೊರಗೆ ಬರುತ್ತದೆ. ಹಸುಗೂಸಿನ ತಾಯಂದಿರು ಜೋಗುಳ ತುಂಬಿಟ್ಟು ಕಳೆ ಕೀಳಲು ಹೋಗುತ್ತಾರೆ. ದೊಡ್ಡಮಾದಯ್ಯ ಮೇಷ್ಟ್ರು ಮಗ್ಗಿ ತುಂಬಿಟ್ಟು ಬ್ಯಾಂಕಿಗೆ ಹೋಗುತ್ತಾರೆ. ಹೊಲ ಇರುವವರು ಬೈಗುಳ ತುಂಬಿ, ಮುಚ್ಚಳಕ್ಕೆ ದಾರ ಕಟ್ಟಿ, ಬದುವಿನ ಮೇಲೆ ಇಡುತ್ತಾರೆ. ಕಾಡುಹಂದಿ ದಾರ ಎಡವಿದರೆ ಸಾಕು, ಬಂದ ದಾರಿ ಹಿಡಿಯುತ್ತದೆ.

ಈ ಕೆಲಸಕ್ಕೆ ಗುರುಮಲ್ಲಮ್ಮನ ಗಂಟಲನ್ನು ಮೀರಿಸುವ ಗಂಟಲು ಸುತ್ತಮುತ್ತ ಇಲ್ಲ. ಈಗ ನೋಡಿದರೆ ಗಂಡನ ಎರಡೆಕರೆ ಮುಸುಕಿನ ಜೋಳ ಹಾಲುಗಟ್ಟಿ ನಿಂತಿದೆ, ಕುಡಿಕೆಗಳೆಲ್ಲ ಖಾಲಿ, ಹೊತ್ತು ಇಳಿಯುತ್ತಿದೆ. ಈಕೆ ಮೂರು ದಿನದಿಂದ ಗಂಡನನ್ನು ಬೈದಿಲ್ಲ. ಇಂಥ ಹೊತ್ತಲ್ಲೇ ಹೀಗೆ ಆಗಬೇಕೆ?

ಚಿಕ್ಕಬಸವಯ್ಯ: ನಿನ್ ಸಾರ್ಗ ಉಪ್ಪೇ ಇರ್ನಿಲ್ಲ.

ಗುರುಮಲ್ಲಮ್ಮ: ಅಲ್ಲೇ ಅದ, ಆಕ್ಕೊ.

ಚಿಕ್ಕಬಸವಯ್ಯ: ನಿಮ್ಮಪ್ಪ ಮದ್ವಲಿ ಕೊಟ್ನಲ್ಲ ವಾಚು, ಒಂದಿನಾನೂ ನಡೀನಿಲ್ಲ.

ಗುರುಮಲ್ಲಮ್ಮ: ಪಾಪ, ಅಪ್ಪುಂಗೂ ಅಂಗ್ಡಿಯವ ಮೋಸ ಮಾಡ್ಬುಟ್ಟ.

ಚಿಕ್ಕಬಸವಯ್ಯ: ನೆನ್ನ ಉಮ್ಮತ್ತೂರ್ಗ ಓಗಿದ್ನಲ್ಲ, ಬೇಕಂತ್ಲೇ ನಿಮ್ಮಕ್ಕನ ಮನ ಮುಂದ್ಲಿಂದ್ಲೇ ಬಂದಿ. ಒಳಗ ಓಗ್ನಿಲ್ಲ.

ಗುರುಮಲ್ಲಮ್ಮ: ಬಸ್ಗ ಒತ್ತಾಗಿತ್ತೇನೊ, ಬುಡು.

ಚಿಕ್ಕಬಸವಯ್ಯನಿಗೆ ನಿಜವಾಗಿಯೂ ಭಯವಾಯಿತು.

ಚಿಕ್ಕಬಸವಯ್ಯ: ಏನಾಯ್ತಮ್ಮಿ ನಿಂಗ? ಜರ ಗಿರ ಬಂದದಾ?

ಅಷ್ಟರಲ್ಲಿ ಪಕ್ಕದ ಹೊಲದ ಶಾಂತರಾಜು ತನ್ನದೂ ಒಂದು ಖಾಲಿ ಕುಡಿಕೆ ಹಿಡಿದುಕೊಂಡು ಜಗಲಿ ಹತ್ತಿದ.

ಶಾಂತರಾಜು: ಅತ್ಗಮ್ಮ, ಅಣ್ಣುಂಗ ಬಯ್ಯೋದ್ರಲ್ಲಿ ನಂಗೂ ಒಂದೀಟು ಬಯ್ಕೊಡಿ.

ಚಿಕ್ಕಬಸವಯ್ಯ: ನಂಗೇ ಸಿಗ್ನಿಲ್ಲ ಕಣ್ಲಾ!

ಶಾಂತರಾಜು: ಅಂಗಾರ ನೀನೇ ಕೂಗ್ಬುಡಣ್ಣ.

ಚಿಕ್ಕಬಸವಯ್ಯ: ಓದ್ ತಿಂಗ್ಳು ನಾನು ಕೂಗಿದ್ದ ಇಟ್ಟಿರ್ನಿಲ್ವಾ? ಕಾಡಂದಿ ಮರಿ ಕರ್ಕಂಡು ಬಂದ್ವು.

ಶಾಂತರಾಜು: ಅದೂ ಸರೀನೇ. ಅದಿರ್ಲಿ, ಇತ್ಲ ಬಾಗ್ಲ ಚಿಲ್ಕ ಮಾಡುಸ್ದಾ?

ಚಿಕ್ಕಬಸವಯ್ಯ: ಯಾವ ಚಿಲ್ಕ?

ಶಾಂತರಾಜು: ಸುಕ್ರಾರ ನಿಮ್ಮೊಲದಲ್ಲಿ ಕುಡ್ಕ ತೆರ್ಕತಲ್ಲ, ಆಗ ಕೇಳುಸ್ತು. ನಾಕೊರ್ಸದಿಂದ ಅತ್ಗಮ್ಮ ಬಾಗ್ಲುಗ ರಾಗಿ ಮೂಟೆ ಒತ್ರುಸಿ ಮನಿಕತಾವ್ರಂತ. ಇನ್ನೊಂದು ಕುಡ್ಕಲಿ ಮಂಡಿ ನೋವಿಂದೂ ಇತ್ತು. ಆಸ್ಪತ್ರಗ ಕರ್ಕಂಡೋಗಣ್ಣ.

ಚಿಕ್ಕಬಸವಯ್ಯ: ಮಂಡಿ ನೋವಾ? ನಂಗ ಯಾರೂ ಯೋಳೇ ಇಲ್ವಲ್ಲ!

ಗುರುಮಲ್ಲಮ್ಮ ಕಾಫಿ ಲೋಟವನ್ನು ಕೆಳಗಿಟ್ಟಳು. ಗಂಡನನ್ನು ಮೇಲಿನಿಂದ ಕೆಳಗೆ ಒಂದು ಸಲ ನೋಡಿದಳು.

ಗುರುಮಲ್ಲಮ್ಮ: ಕೇಳ್ದಾ ಸಾಂತ್ರಾಜು? ಮದ್ವಾಗಿ ಅನ್ನೆರಡೊರ್ಸ ಆಯ್ತು. ನಾನು ಬಾಯಿ ತೆರುದ್ರ ಈವಯ್ಯ ಕುಡ್ಕ ಹಿಡಿತಾನ. ನನ್ ಕಷ್ಟವ ಕಾಡಂದಿ ಕೇಳ್ದೊ, ನೀನು ಕೇಳ್ದ, ನರಿಗೂ ಗೊತ್ತು. ಕಟ್ಕಂಡವ ಒಂದಕ್ಸರ ಕೇಳಿಲ್ಲ. ನಂಗ ಒಟ್ಟ ಉರ್ದೋಯ್ತದ ಕಣಪ್ಪ.

ಚಿಕ್ಕಬಸವಯ್ಯ: ನೀನು ಬಯ್ಯಾದು ಜೋಳದ ಬೆಳಗ ಅಂತ ನಾನು ಅನ್ಕಂಡಿದ್ದಿ ಕಣಮ್ಮಿ.

ಗುರುಮಲ್ಲಮ್ಮ: ನಿಂಗ ಕಣ ನಾನು ಬಯ್ತಿದ್ದುದು, ಬೆಳಗಲ್ಲ!

ಮೂರು ದಿನದಿಂದ ತಡೆದಿಟ್ಟಿದ್ದು ಒಮ್ಮೆಲೇ ನುಗ್ಗಿತು. ಅವಳು ಉಸಿರು ಎಳೆದುಕೊಂಡು ಬಾಯಿ ತೆರೆದಳು. ಶಾಂತರಾಜು ಅಭ್ಯಾಸಬಲದಿಂದ ತನ್ನ ಕುಡಿಕೆಯನ್ನು ಅವಳ ಬಾಯಿಯ ಮುಂದೆ ಹಿಡಿದ. ಚಿಕ್ಕಬಸವಯ್ಯನಿಗೆ ಹೆಂಡತಿಯ ಕೈ, ತಲೆ, ತುಟಿ ಅಲ್ಲಾಡಿದ್ದು ಮಾತ್ರ ಕಂಡಿತು. ಅವಳು ಉಸಿರು ಬಿಡಲು ನಿಲ್ಲಿಸಿದಾಗ ಶಾಂತರಾಜು ಮುಚ್ಚಳ ಹಾಕಿ, ಕುಡಿಕೆಯನ್ನು ಪಂಚೆಯಲ್ಲಿ ಸುತ್ತಿಕೊಂಡ.

ಚಿಕ್ಕಬಸವಯ್ಯ: ಏನಂದ್ಲುಲಾ?

ಶಾಂತರಾಜು: ನಂಗೂ ಕೇಳ್ನಿಲ್ಲ ಕಣಣ್ಣ. ಬೆಳಗಾಗಾದ್ರೊಳಗ ಅಂದಿ ದಾರ ಎಡವುದ್ರ ಕೇಳ್ಕಂಡು ಬಂದು ಯೋಳ್ತೀನಿ.

ಅವನು ಒಂದೇ ಉಸಿರಿಗೆ ಬೀದಿಗಿಳಿದು ಹೋದ. ಚಿಕ್ಕಬಸವಯ್ಯ ಆಸೆಯಿಂದ ತನ್ನ ಕುಡಿಕೆಯನ್ನು ಎತ್ತಿದ. ಗುರುಮಲ್ಲಮ್ಮ ಅದನ್ನು ಕಿತ್ತುಕೊಂಡು ಅಟ್ಟದ ಮೇಲಿಟ್ಟಳು.

ಗುರುಮಲ್ಲಮ್ಮ: ಮೊದ್ಲು ಬರೀ ಕಿವೀಲಿ ಕೇಳು. ಆಮ್ಯಾಲ ಕುಡ್ಕಗ ಬಯ್ತೀನಿ.

ಚಿಕ್ಕಬಸವಯ್ಯ ಜಗಲಿಯ ಮೇಲೆ ಕೂತ. ಕಾಲು ಮಡಿಸಿಕೊಂಡ. ಟವೆಲ್ಲನ್ನು ತಲೆಗೆ ಸುತ್ತಲು ಹೋದವನು ಹೆಂಡತಿ ನೋಡಿದ್ದಕ್ಕೆ ಕಿವಿ ಬಿಟ್ಟು ಸುತ್ತಿಕೊಂಡ.

ಚಿಕ್ಕಬಸವಯ್ಯ: ಎಷ್ಟೊತ್ತಾಗ್ಬೋದು?

ಗುರುಮಲ್ಲಮ್ಮ: ಅನ್ನೆರಡೊರ್ಸದ್ದು ಅದ. ಮದ್ವ ದಿನದಿಂದ ಸುರು ಮಾಡ್ತೀನಿ.

ಚಿಕ್ಕಬಸವಯ್ಯ: ಮುಗಿಯೋ ಒತ್ಗ ಅಂದಿ ಬಂದ್ಬುಡ್ತವ ಕಣಮ್ಮಿ!

ಗುರುಮಲ್ಲಮ್ಮ: ಬರ್ಲಿ ಬುಡು. ಅವು ಇದ್ನೆಲ್ಲ ಆಗ್ಲೇ ಕೇಳ್ಬುಟ್ಟವ.