ಕರಿ ಡಬ್ಬಿಯೊಳಗಿನ ಹೊಲ

ನಗಬೇಕೆಂದು ನಾನು ಎಲ್ಲಿಗೂ ಹುಡುಕಿಕೊಂಡು ಹೋದವಳಲ್ಲ. ನಾರಾಯಣಪೇಟೆಯ ಬಜಾರಿನಲ್ಲಿ ನಮ್ಮದೊಂದು ಸೀರೆ ಅಂಗಡಿ, ಅದರ ಮಾಳಿಗೆಯ ಮೇಲೆ ಮನೆ, ಮನೆಯಲ್ಲಿ ನಮ್ಮನೆಯವರು. ಇಷ್ಟಿದ್ದರೆ ಸಾಕು, ಇಂಥ ಪ್ರಸಂಗಗಳು ತಾವಾಗಿಯೇ ಮೆಟ್ಟಿಲು ಹತ್ತಿ ಬರುತ್ತವೆ. ಈಚೆಗೆ ಬಂದವೆಲ್ಲ ಒಂದೇ ಒಂದು ಕರಿ ಡಬ್ಬಿಯ ಬೆನ್ನು ಹತ್ತಿ ಬಂದಿವೆ.

ರವಿಕೆ ಬಟ್ಟೆ

ನಮ್ಮನೆಯವರಿಗೆ ನಲವತ್ತು ದಾಟಿದೆ. ಟಿವಿಗೆ ಜೋಡಿಸಿ ಆಡುವ ಗೇಮ್ ಮಿಷನ್ನಿನ ಮುಂದೆ ಕುಳಿತಾಗ ಮಾತ್ರ ಹದಿನಾಲ್ಕು. ಒಂದು ದಿನ ಆ ಮಿಷನ್ನು ತನ್ನ ಹೊಟ್ಟೆ ತುಂಬಿದೆ, ಇನ್ನೊಂದು ಆಟ ಹಿಡಿಸುವುದಿಲ್ಲ ಎಂದು ತೆರೆಯ ಮೇಲೆ ತಿಳಿಸಿತು. ಅಂಗಡಿಯಲ್ಲಿ ಸೀರೆ ಇಡಲು ಜಾಗವಿಲ್ಲ, ಒಂದು ಬೀರು ತರಿಸಿ ಎಂದು ನಾನು ಹೇಳುತ್ತಾ ಬಂದು ಎಷ್ಟು ದೀಪಾವಳಿ ಕಳೆದವೋ ಏನೋ. ಬೀರು ಬಂದಿಲ್ಲ. ಆಟಗಳಿಗೆ ಜಾಗವಿಲ್ಲ ಎಂದದ್ದೇ ತಡ, ಅದೇ ವಾರ ಹಾರ್ಡ್‌ಡಿಸ್ಕ್ ಬಂತು. ಅಂಗೈಯಗಲದ ಕರಿ ಡಬ್ಬಿ, ಅದಕ್ಕೊಂದು ಗೇಣುದ್ದದ ವೈರು.

"ಇದೇನ್ರಿ?" ಎಂದೆ.

"ಬ್ಯಾಕಪ್. ಆಟ ಎಲ್ಲಾ ಇದರಾಗ ಇಡೂದು. ಮಿಷನ್ನಿಗಿ ಚುಚ್ಚಿ ಇದರಾಗಿಂದನ ಆಡೂದು. ನಾಳೆ ಮಿಷನ್ ಕೆಟ್ರೂ ಚಿಂತಿಲ್ಲ, ಎಲ್ಲಾ ಇದರಾಗ ಭದ್ರ ಇರ್ತೈತಿ."

"ಎಲ್ಲಾ ಅಂದ್ರ?"

"ಎಲ್ಲಾ ಅಂದ್ರ ಎಲ್ಲಾ," ಎಂದರು. ಗೊತ್ತಿಲ್ಲದ ವಿಷಯವನ್ನು ಅವರು ಯಾವಾಗಲೂ ಇಷ್ಟೇ ಖಚಿತವಾಗಿ ಹೇಳುತ್ತಾರೆ.

ಅಂದು ಸಂಜೆ ನಾನು ನನಗೆಂದು ತೆಗೆದಿಟ್ಟುಕೊಂಡಿದ್ದ ರೇಷ್ಮೆ ರವಿಕೆ ಬಟ್ಟೆ ಕಾಣಲಿಲ್ಲ. ನೇಕಾರರಿಗೆ ಹೇಳಿ ಮಾಡಿಸಿದ್ದು, ಅಂಚಿನಲ್ಲಿ ಗೋಪುರದ ಸಾಲು. ಮನೆಯೆಲ್ಲ ಹುಡುಕಿದರೆ ಅದು ಕರಿ ಡಬ್ಬಿಗೆ ಸುತ್ತಿಕೊಂಡಿತ್ತು. "ಧೂಳು ಬೀಳಬಾರದಲ್ಲ" ಎಂದರು. ಮದುವೆಯಾದಾಗಿನಿಂದ ನನ್ನ ಮೇಲೆ ಎಷ್ಟು ಧೂಳು ಬಿದ್ದಿದೆ ಎಂದು ಅವರು ಒಂದು ದಿನವೂ ಕೇಳಿದವರಲ್ಲ.

ಮಾವನವರ ಬೆಳೆ

ನಮ್ಮ ಮಾವನವರು ತಮ್ಮ ಆಯುಷ್ಯವನ್ನೆಲ್ಲ ರೈತರಿಗೆ ಸೀರೆ ಮಾರುವುದರಲ್ಲಿ ಕಳೆದವರು. ಗಿರಾಕಿಗಳ ಮಳೆ, ಬೆಳೆ, ಬದುವಿನ ಜಗಳ ಎಲ್ಲ ಕೇಳಿ ಕೇಳಿ ತಮಗೂ ಒಂದು ತುಂಡು ಹೊಲ ಇರಬೇಕಿತ್ತೆಂಬ ಆಸೆ ಅವರ ಮನಸ್ಸಿನಲ್ಲಿ ಬೇರೂರಿತ್ತು. ಆಸೆ ಹಾಗೆಯೇ ಉಳಿಯಿತು. ಅಂಗಡಿಯನ್ನು ಮಗನಿಗೆ, ಅಂದರೆ ನನಗೆ, ಬಿಟ್ಟುಕೊಟ್ಟ ಮೇಲೆ ಅವರಿಗೆ ಹೊತ್ತು ಹೋಗದಾಯಿತು. ಆಡುತ್ತಿದ್ದ ಮಗನ ಹಿಂದೆ ಕುಳಿತು, "ಇದೇನಾಟ, ಅದೇನಾಟ" ಎಂದು ಗೊಣಗುತ್ತಿದ್ದರು. ಅವರ ಬಾಯಿ ಮುಚ್ಚಿಸಲೆಂದು ನಮ್ಮನೆಯವರು ಬೇಸಾಯದ ಆಟವೊಂದನ್ನು ಡಬ್ಬಿಗೆ ಇಳಿಸಿ ಅವರ ಕೈಗೆ ರಿಮೋಟ್ ಕೊಟ್ಟರು.

ಆಮೇಲೆ ಮಾವನವರು ಅಲ್ಲಿಂದ ಏಳಲೇ ಇಲ್ಲ. ಬೀಳು ನೆಲ ಹಿಡಿದರು, ಕಲ್ಲು ಆರಿಸಿದರು, ಟ್ರಾಕ್ಟರ್ ಹೊಡೆದರು, ಗೋಧಿ ಬಿತ್ತಿದರು. ತಲೆಗೆ ಟವೆಲ್ ಸುತ್ತದೆ ಹೊಲಕ್ಕೆ ಇಳಿಯುತ್ತಿರಲಿಲ್ಲ. ಫ್ಯಾನಿನ ಕೆಳಗೆ ಕುಳಿತವರಿಗೆ ಅದೆಂಥ ಬಿಸಿಲೋ ನನಗೆ ತಿಳಿಯಲಿಲ್ಲ.

ಒಂದು ದಿನ ಕೆ.ಟಿ. ದೊಡ್ಡಿಯ ಕಡೆಯ ರೈತರೊಬ್ಬರು ಮಗಳ ಮದುವೆಗೆ ಸೀರೆ ನೋಡಲು ಬಂದಿದ್ದರು. ಚೌಕಾಸಿಯಲ್ಲಿ ಪಳಗಿದ ಮನುಷ್ಯ. ಮಾವನವರು ಕೆಳಗಿಳಿದು ಬಂದು ಅವರ ಪಕ್ಕ ಕುಳಿತರು.

"ಬೆಳಿ ಹ್ಯಾಂಗೈತ್ರಿ ನಿಮ್ಮ ಕಡಿ?"

"ಏನ್ ಬೆಳಿ ಬಿಡ್ರಿ ಸಾವ್ಕಾರ್ರ. ಹತ್ತಿಗಿ ಹುಳ ಬಿದ್ದೈತಿ."

"ನಮ್ದು ಬೇಷೈತ್ರಿ. ಈ ವರ್ಸ ಮೂರನೇ ಸಲ ಗೋದಿ ಕೊಯ್ಯಾಕ ಬಂದೈತಿ. ಹುಳ ಇಲ್ಲ, ರೋಗ ಇಲ್ಲ."

ರೈತರ ಕೈಯಿಂದ ಸೀರೆ ಜಾರಿತು. "ಮೂರು ಸಲ ಗೋದಿ! ನೀರು ಎಲ್ಲಿಂದ್ರಿ, ಬೋರಾ ಕೆನಾಲಾ?"

"ನೀರು ಬಿಡೂದ ಇಲ್ರಿ."

"ಹೊಲ ಎಲ್ಲೈತ್ರಿ?"

"ಇಲ್ಲೇ, ಮಾಳಿಗಿ ಮ್ಯಾಲ. ಬರ್ರಿ, ತೋರಸ್ತೀನಿ."

ರೈತರು ಸೂರು ನೋಡಿದರು, ಮಾವನವರ ಮುಖ ನೋಡಿದರು, ಕೊನೆಗೆ ನನ್ನ ಮುಖ ನೋಡಿದರು. ನಾನು ತಲೆ ತಗ್ಗಿಸಿ ಸೀರೆ ಮಡಚಿದೆ. ಅವರು ನಾನು ಹೇಳಿದ ಬೆಲೆಯನ್ನೇ ತುಟಿ ಪಿಟಕ್ಕೆನ್ನದೆ ಕೊಟ್ಟು, ಹೊರಡುವಾಗ ಮೆಲ್ಲಗೆ, "ತಂಗೀ, ದೊಡ್ಡವರನ್ನ ಚಲೋತ್ನಾಗಿ ನೋಡ್ಕೋವ್ವ. ದೇವ್ರು ನಿನಗ ಒಳ್ಳೇದು ಮಾಡ್ತಾನ" ಎಂದರು. ನಮ್ಮ ಅಂಗಡಿಯಲ್ಲಿ ಚೌಕಾಸಿ ಮಾಡದೆ ಹೋದ ಗಿರಾಕಿ ಅವರೊಬ್ಬರೇ.

ಜೋಳದ ಹೊಲದ ಗಿಣಿಗಳು

ಎಲ್ಲವೂ ಡಬ್ಬಿಯಲ್ಲಿದೆ ಎಂದು ಗಂಡ ಹೇಳಿದ ಮೇಲೆ ಹೆಂಡತಿಯಾದವಳು ನಂಬಬೇಕಲ್ಲವೇ? ನಾನು ನಂಬಿದೆ. ಆಟದ ಡಿಸ್ಕುಗಳ ಒಂದು ರಟ್ಟಿನ ಪೆಟ್ಟಿಗೆ ಬಹಳ ದಿನದಿಂದ ಮೂಲೆಯಲ್ಲಿ ಬಿದ್ದಿತ್ತು. ಅದೇ ಹೊತ್ತಿಗೆ ಮಕ್ತಲ್‌ನಿಂದ ನಾದಿನಿ ಫೋನ್ ಮಾಡಿ, ಜೋಳಕ್ಕೆ ಗಿಣಿಗಳ ಕಾಟ ವಿಪರೀತವಾಗಿದೆ, ಹೊಳೆಯುವ ಸೀಡಿ ಇದ್ದರೆ ಕಳಿಸಿ, ದಾರಕ್ಕೆ ಕಟ್ಟಿ ತೂಗುಹಾಕುತ್ತೇನೆ ಎಂದಳು. ಪೆಟ್ಟಿಗೆಯನ್ನು ಹಾಗೆಯೇ ಕಳಿಸಿದೆ. ಮನೆ ಸ್ವಚ್ಛವಾಯಿತು, ಗಿಣಿಗಳೂ ಹಾರಿಹೋದವು. ಎರಡು ಊರಿಗೆ ಉಪಕಾರ ಮಾಡಿದ ಸಮಾಧಾನ ನನಗೆ.

ಭಾನುವಾರ ನಮ್ಮನೆಯವರು ಕಾರ್ ರೇಸ್ ಆಡಲು ಕುಳಿತರು. ಡಿಸ್ಕ್ ಹಾಕಿರಿ ಎಂದಿತು ಮಿಷನ್ನು. ಆಟವೆಲ್ಲ ಡಬ್ಬಿಯಲ್ಲೇ ಇದ್ದರೂ, ಅದನ್ನು ನಾವು ಕೊಂಡದ್ದೇ ಎನ್ನುವುದಕ್ಕೆ ಮೂಲ ಡಿಸ್ಕನ್ನು ಮಿಷನ್ನಿನ ಬಾಯಲ್ಲಿ ಇಟ್ಟೇ ಆಡಬೇಕಂತೆ.

"ಮತ್ತ ಡಬ್ಬಿ ಯಾತಕ ತಂದ್ರಿ?" ಎಂದೆ.

"ಅದು ನಿನಗ ತಿಳಿಯಂಗಿಲ್ಲ."

ನನಗೆ ತಿಳಿಯದೇ ಹೋಗುವ ವಿಷಯಗಳಲ್ಲಿ ಹೆಚ್ಚಿನವು ಅವರಿಗೂ ತಿಳಿದಿರುವುದಿಲ್ಲ. ಮಾವನವರ ಆಟವನ್ನು ಮಾತ್ರ ನೆಟ್ಟಿನಲ್ಲೇ ಕೊಂಡದ್ದು, ಅದಕ್ಕೆ ಡಿಸ್ಕಿನ ಹಂಗಿರಲಿಲ್ಲ. "ನಂದು ತಕರಾರಿನ ಭೂಮಿ ಅಲ್ಲಪ" ಎಂದು ಅವರು ಆರಾಮವಾಗಿ ಉಳುಮೆ ಮುಂದುವರಿಸಿದರು.

ನಮ್ಮನೆಯವರು ಮಕ್ತಲ್‌ಗೆ ಓಡಿದರು. ತಂಗಿ ಬದುವಿನ ಮೇಲೆ ಅಡ್ಡ ನಿಂತಳು. "ರಾಶಿ ಆಗೂತನ ಒಂದೂ ಬಿಚ್ಚಾಕ ಬಿಡಂಗಿಲ್ಲ ಅಣ್ಣಾ. ಬೇಕಂದ್ರ ಅಷ್ಟ ಸೀಡಿ ಬದ್ಲಿ ತಂದು ಕಟ್ಟು." ಅವರು ಮನೆಗೆ ಬಂದು ಅಟ್ಟದಲ್ಲಿದ್ದ ಹಳೆಯ ಭಜನೆ ಸೀಡಿಗಳನ್ನೆಲ್ಲ ಬಾಚಿಕೊಂಡು ಹೋಗಿ, ಸುಡುವ ಬಿಸಿಲಿನಲ್ಲಿ ಒಂದೊಂದು ಗೂಟಕ್ಕೂ ಭಜನೆ ಕಟ್ಟಿ, ಒಂದೊಂದೇ ರೇಸನ್ನು ಬಿಡಿಸಿಕೊಂಡು ಬಂದರು. ಮನೆಯಲ್ಲಿ ಒಂದು ಲೋಟ ನೀರು ಬೇಕಾದರೂ ನನ್ನನ್ನೇ ಕೂಗುವ ಮನುಷ್ಯ!

ಕೆಲವು ದಿನಗಳಾದ ಮೇಲೆ ನಾದಿನಿಯ ಫೋನು. "ವೈನೀ, ಕಾರಿನ ಸೀಡಿ ವಾಪಸ್ ಕೊಡು ಅಂತ ಅಣ್ಣಗ ಹೇಳ್ರಿ. ಭಜನಿ ಸೀಡಿ ಕಟ್ಟಿದಾಗಿಂದ ಗಿಣಿ ಸಾಲಾಗಿ ಬಂದು ಕುಂಡ್ರಾಕ ಹತ್ತ್ಯಾವ."

ಕಿಟಕಿಯ ಸೀಟು

ನನ್ನ ತವರು ಗದ್ವಾಲ. ಅಲ್ಲಿ ನನ್ನ ತಮ್ಮ ಕಂಪ್ಯೂಟರಿನಲ್ಲಿ ಸೀರೆಯ ಅಂಚಿನ ಡಿಸೈನ್ ಬಿಡಿಸಿ ನೇಕಾರರಿಗೆ ಕೊಡುತ್ತಾನೆ. ನನ್ನ ರವಿಕೆ ಬಟ್ಟೆಯ ಗೋಪುರದ ಸಾಲನ್ನು ಅವನಿಗೆ ತೋರಿಸಬೇಕಿತ್ತು. ಬಸ್ಸಿನ ಅವಸರದಲ್ಲಿ ಆ ಬಟ್ಟೆಯ ಗಂಟನ್ನು ಬಿಚ್ಚಿ ನೋಡದೆ ಚೀಲಕ್ಕೆ ಹಾಕಿಕೊಂಡೆ. ಗದ್ವಾಲದಲ್ಲಿ ಬಿಚ್ಚಿದರೆ ಒಳಗೆ ಕರಿ ಡಬ್ಬಿ.

ತಮ್ಮನಿಗೆ ಕಣ್ಣಿಗೆ ಕಂಡ ವೈರನ್ನೆಲ್ಲ ಕಂಪ್ಯೂಟರಿಗೆ ಚುಚ್ಚುವ ಚಟ. ಚುಚ್ಚಿದ. "ಅಕ್ಕಾ, ಇದರಾಗ ಏನೂ ಇಲ್ಲ. ಫಾರ್ಮ್ಯಾಟ್ ಮಾಡ್ಲೇನು ಅಂತ ಕೇಳಾಕ ಹತ್ತೈತಿ. ಮಾಡಿದ್ರ ನನ್ನ ಡಿಸೈನ್ ಇಡಾಕ ಬೇಷಾಕ್ಕೈತಿ. ಒತ್ತಲಾ?"

ಒತ್ತು ಎನ್ನುವಷ್ಟರಲ್ಲಿ ನನ್ನ ಫೋನು ರಿಂಗಾಯಿತು. ನಾರಾಯಣಪೇಟೆಯಲ್ಲಿ ಮನೆಯನ್ನು ತಲೆಕೆಳಗು ಮಾಡಿದ್ದರು. "ಡಬ್ಬಿ ಎಲ್ಲೈತಿ?" ಎಂದು ನಮ್ಮನೆಯವರು ಚೀರಿದರೆ, ಅವರ ಹಿಂದಿನಿಂದ ಮಾವನವರು, "ನನ್ನ ಗೋದಿ ಕೊಯ್ಲಿಗಿ ಬಂದೈತಿ, ಉದುರಿ ಹೊಕ್ಕೈತಿ!" ಎಂದು ಗೋಳಿಡುತ್ತಿದ್ದರು. ಡಬ್ಬಿ ಖಾಲಿಯಲ್ಲ, ಮಿಷನ್ನು ಬರೆದದ್ದು ಕಂಪ್ಯೂಟರಿಗೆ ಓದಲು ಬರುವುದಿಲ್ಲ ಅಷ್ಟೇ. ಒತ್ತಿದ್ದರೆ ಎಲ್ಲ ಅಳಿಸಿಹೋಗುತ್ತಿತ್ತು. ನಾನು ತಮ್ಮನ ಕೈಯನ್ನು ಹಿಡಿದು ಮೇಲೆತ್ತಿದೆ.

ಮರುದಿನವೇ ನಮ್ಮನೆಯವರು ಹಾಜರು. ಹೆಂಡತಿಯನ್ನು ಕರೆದೊಯ್ಯಲು ಅವರು ಯಾವತ್ತೂ ಇಷ್ಟು ಬೇಗ ಬಂದವರಲ್ಲ ಎಂದು ನಮ್ಮವ್ವನಿಗೆ ಸಂತೋಷವೋ ಸಂತೋಷ. ತಿರುಗಿ ಬರುವಾಗ ಬಸ್ಸಿನಲ್ಲಿ ಡಬ್ಬಿಯನ್ನು ಕಿಟಕಿಯ ಸೀಟಿನಲ್ಲಿ ಮಲಗಿಸಿ, ತಾವು ಪಕ್ಕದಲ್ಲಿ ಕಾವಲು ಕುಳಿತರು. ನನ್ನನ್ನು ಹಿಂದಿನ ಸೀಟಿಗೆ ಕಳಿಸಿದರು. ಕಂಡಕ್ಟರಮ್ಮ ತೆಲುಗಿನಲ್ಲಿ, "ಇದೇಂದಿ?" ಎಂದು ಕೇಳಿದಳು.

"ಮಾ ನಾಯಿನ ಪೊಲಂ," ನಮ್ಮಪ್ಪನ ಹೊಲ, ಎಂದರು ಇವರು ಗಂಭೀರವಾಗಿ.

ಆಕೆ ಇಂಥವರನ್ನು ದಿನವೂ ನೋಡುವವಳಂತೆ ಸುಮ್ಮನೆ ಟಿಕೆಟ್ ಹರಿದುಕೊಟ್ಟು ಮುಂದೆ ಹೋದಳು. ನಮ್ಮಲ್ಲಿ ಹೆಂಗಸರಿಗೆ ಬಸ್ಸು ಪುಕ್ಕಟೆ. ನನಗೂ ದುಡ್ಡಿಲ್ಲ, ಡಬ್ಬಿಗೂ ದುಡ್ಡಿಲ್ಲ, ದುಡ್ಡು ಕೊಟ್ಟವರು ಅವರೊಬ್ಬರೇ. ಕಿಟಕಿಯ ಗಾಳಿ ಮಾತ್ರ ಡಬ್ಬಿಗೆ.

ಹೊಸ ಮಿಷನ್ನು

ಸೀರೆ ಅಂಗಡಿಯ ಮೇಲಿನ ಮನೆ ಎಂದರೆ ನೂಲಿನ ಧೂಳು ಎಲ್ಲೆಲ್ಲೂ. ಅದು ಹೊಕ್ಕು ಹೊಕ್ಕು ಮಿಷನ್ನು ಗಿರಣಿಯಂತೆ ಸದ್ದು ಮಾಡತೊಡಗಿತು. ರಾಯಚೂರಿನ ಅಂಗಡಿಯೊಂದರಲ್ಲಿ ಹಳೆಯದನ್ನು ತೆಗೆದುಕೊಂಡು ಹೊಸದು ಕೊಡುತ್ತಾರೆಂದು ನಮ್ಮನೆಯವರು ಹೊರಟು ನಿಂತರು. ಮಾವನವರು ಬಾಗಿಲಿಗೆ ಅಡ್ಡ ಬಂದರು.

"ಲೇ, ನನ್ನ ಹೊಲಕ್ಕ ಏನೂ ಆಗಂಗಿಲ್ಲಲ್ಲ?"

"ಹೊಲ ಡಬ್ಬಿಯಾಗೈತಿ ಅಪ್ಪಾ. ಡಬ್ಬಿ ಮನ್ಯಾಗೈತಿ. ನಾ ಒಯ್ಯೂದು ಬರೇ ಮಿಷನ್ನು."

ಮಗ ತಿರುಗಿ ಬರುವವರೆಗೂ ಮಾವನವರು ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದರು. ಊಟಕ್ಕೂ ಏಳಲಿಲ್ಲ. ಸಂಜೆ ಹೊಸ ಮಿಷನ್ನು ಬಂತು. ಹಳೆಯದರಲ್ಲಿ ಇದ್ದದ್ದನ್ನೆಲ್ಲ ಅಳಿಸಿ ಕೊಡಿ ಎಂದರಂತೆ, ಇವರು ತಾವೇ ಹೆಬ್ಬೆರಳಿನಿಂದ ಒತ್ತಿ ಒಂದು ಚೂರೂ ಉಳಿಯದಂತೆ ಅಳಿಸಿ ಕೊಟ್ಟರಂತೆ. ಡಬ್ಬಿ ಚುಚ್ಚಿದರು. ಆಟ ಕಣ್ಣುಮಿಟುಕಿಸುವುದರೊಳಗೆ ತೆರೆಯಿತು. "ನೋಡಿದ್ರ್ಯಾ!" ಎಂದು ನಮ್ಮಿಬ್ಬರ ಕಡೆ ತಿರುಗಿ ಎದೆಯುಬ್ಬಿಸಿದರು.

ನಾವು ನೋಡಿದೆವು. ತೆರೆಯ ಮೇಲೆ ಬೀಳು ನೆಲ, ಕಲ್ಲು, ಮುಳ್ಳುಕಂಟಿ. ಗೋಧಿಯಿಲ್ಲ, ಟ್ರಾಕ್ಟರಿಲ್ಲ. ಹೊಸದಾಗಿ ಶುರು ಮಾಡುವಿರಾ ಎಂದು ಅದು ವಿನಯದಿಂದ ಕೇಳುತ್ತಿತ್ತು.

ನಮ್ಮನೆಯವರು ವೈರು ಕಿತ್ತರು, ಚುಚ್ಚಿದರು, ಊದಿದರು, ಮತ್ತೆ ಚುಚ್ಚಿದರು. ಕೊನೆಗೆ ಗದ್ವಾಲಕ್ಕೆ ನನ್ನ ತಮ್ಮನಿಗೆ ಫೋನ್ ಮಾಡಿದರು. ಅವನು ಹೇಳುತ್ತಾ ಹೋದಂತೆ ಇವರ ಮುಖ ಇಳಿಯುತ್ತಾ ಹೋಯಿತು. ಡಬ್ಬಿಯಲ್ಲಿ ಇದ್ದದ್ದು ಆಟವಂತೆ. ಆಡಿದವರು ಉತ್ತದ್ದು, ಬಿತ್ತಿದ್ದು, ಬೆಳೆದದ್ದು ಉಳಿಯುವುದು ಮಿಷನ್ನಿನ ಸ್ವಂತ ಹೊಟ್ಟೆಯಲ್ಲಂತೆ.

ಮಾವನವರು ಬೈಯಲಿಲ್ಲ. ತಲೆಯ ಟವೆಲ್ ತೆಗೆದು, ನೀಟಾಗಿ ಮಡಚಿ, ಪಕ್ಕಕ್ಕಿಟ್ಟರು. ಸುಳ್ಳು ಹೊಲವೇ ಇರಬಹುದು, ಆ ಮುದುಕ ದಿನವೂ ಎದ್ದು ಆ ಹೊಲದ ಮುಖವನ್ನೇ ನೋಡುತ್ತಿದ್ದರು. ಅದರ ಬಗ್ಗೆ ಇನ್ನು ಕೊಂಕು ಆಡಬಾರದು ಎಂದುಕೊಂಡೆ.

ಆಮೇಲೆ ಅವರು ಮಗನ ಕಡೆ ತಿರುಗಿದರು. "ಅಂದ್ರ ಪಟ್ಟಾ ಡಬ್ಬಿಯಾಗಿತ್ತು, ಕಬ್ಜಾ ಮಿಷನ್ನಿನಾಗಿತ್ತು."

ಕಾಗದ ಒಬ್ಬರ ಹತ್ತಿರ, ಹೊಲ ಇನ್ನೊಬ್ಬರ ವಶ ಎನ್ನುವ ಜಗಳ ಕೇಳದ ಮನೆ ನಮ್ಮ ಸೀಮೆಯಲ್ಲಿಲ್ಲ. ನಮ್ಮನೆಯವರು, "ಹೌದಪ್ಪಾ" ಎಂದರು.

"ಕಬ್ಜಾ ರಾಯಚೂರಿನಾಗ ಬಿಟ್ಟು ಬಂದಿ. ಬರೇ ಪಟ್ಟಾಕ್ಕ ರೇಶ್ಮಿ ರವಿಕಿ ಹೊಚ್ಚಿ, ಕಿಟಕಿ ಸೀಟಿನಾಗ ಕುಂಡ್ರಿಸಿ ಮೆರಸಿದಿ."

ನಮ್ಮನೆಯವರು ಹೊಸ ಆಟ ಶುರು ಮಾಡಿದರು. ಹೊಲದ ಮಾಲಕರ ಹೆಸರು ಬರೆಯಿರಿ ಎಂದಿತು ಮಿಷನ್ನು. ಅಪ್ಪನ ಹೆಸರು ಬರೆಯಲು ಹೊರಟ ಮಗನ ಕೈಯನ್ನು ಮಾವನವರು ಹಿಡಿದರು.

"ನನ್ನ ಹೆಸರು ಬ್ಯಾಡ. ನಿಂದಂತೂ ಬ್ಯಾಡೇ ಬ್ಯಾಡ. ಸೊಸಿ ಹೆಸರಿಗಿ ಮಾಡು. ಈ ಮನ್ಯಾಗ ಇದ್ದದ್ದನ್ನ ಇದ್ದಂಗ ಇಟ್ಟಾಕಿ ಆಕಿ ಒಬ್ಬಾಕಿ."

"ಮಾವಾರ, ನನಗ ಟ್ರಾಕ್ಟರ್ ಹೊಡ್ಯಾಕ ಬರಂಗಿಲ್ರಿ," ಎಂದೆ.

"ನೀ ಯಾಕ ಹೊಡೀತಿಯವ್ವಾ? ಕಳದಾಂವ ಹೊಡೀತಾನ."

ಅಂದಿನಿಂದ ಕಾರ್ ರೇಸು, ಫುಟ್‌ಬಾಲು ಎಲ್ಲ ಬಂದ್. ಹೋದ ಹೊಲ ಮತ್ತೆ ಹಸನಾಗುವವರೆಗೆ ನಮ್ಮನೆಯವರಿಗೆ ಬೇರೆ ಆಟವಿಲ್ಲ. ಅವರು ಕಲ್ಲು ಆರಿಸುತ್ತಾರೆ, ಕಂಟಿ ಕಡಿಯುತ್ತಾರೆ. ಮಾವನವರು ಟವೆಲ್ ಸುತ್ತಿಕೊಂಡು ಹಿಂದೆ ಕುಳಿತು, "ಸಾಲು ಸೊಟ್ಟಾತು ನೋಡು" ಎನ್ನುತ್ತಾರೆ. ನಿನ್ನೆ ಮಧ್ಯಾಹ್ನ ನಾನು ಇಬ್ಬರಿಗೂ ಚಹಾ ತೆಗೆದುಕೊಂಡು ಹೋದೆ.

"ಲೇ, ಮಾಲಕರು ಬಂದ್ರು," ಎಂದರು ಮಾವನವರು. "ಎದ್ದು ನಿಂದ್ರು."

ನಮ್ಮನೆಯವರು ರಿಮೋಟ್ ಹಿಡಿದುಕೊಂಡೇ ಎದ್ದು ನಿಂತರು. ನಾನು ಏನೂ ಅವಸರ ಮಾಡಲಿಲ್ಲ. ಚಹಾವನ್ನು ನಿಧಾನವಾಗಿ ಆರಿಸಿ, ಮೊದಲು ಮಾವನವರಿಗೆ ಕೊಟ್ಟೆ.