ಮುಟ್ಟಬೇಡಿ ಮಾವನ ಜೆರೇನಿಯಂ

ಮುಟ್ಟಬೇಡಿ ಮಾವನಿಗೆ ಹೆಂಡತಿ ಮೇಲೆ ಇದ್ದದ್ದು ಒಂದೇ ದೂರು: ಅವಳು ಮುಟ್ತಾಳೆ. ಪೇಪರ್ ಮುಟ್ತಾಳೆ, ಕನ್ನಡಕ ಮುಟ್ತಾಳೆ, ಇಟ್ಟಲ್ಲಿಂದ ಎರಡು ಬೆರಳು ಆಚೆ ಸರಿಸ್ತಾಳೆ. ಅವನದೂ ತಪ್ಪಿಲ್ಲ ಬಿಡಿ. ಜೀವಮಾನವೆಲ್ಲ ಮ್ಯೂಸಿಯಂ ಕಾವಲು ಕಾಯ್ತಾ "ಮುಟ್ಟಬೇಡಿ" ಅಂತ ಕೂಗಿ ಕೂಗಿ, ಅದೇ ಹೆಸರಾಗಿಬಿಟ್ಟಿತ್ತು. (ಒಮ್ಮೆ ಕಲ್ಲಿನ ರಾಜನ ಮೂಗಿನ ಮೇಲೆ ನೊಣ ಕೂತಿತ್ತು. ಇವನು ಗದರಿದ ರಭಸಕ್ಕೆ ನೊಣ ಹಾರಿತು, ರಾಜನೂ ಸ್ವಲ್ಪ ಹಿಂದೆ ಸರಿದ. ನಂಬೋದು ನಿಮಗೆ ಬಿಟ್ಟಿದ್ದು.)

ನಿವೃತ್ತಿಯಾದ ಮೇಲೆ ಕಾಯೋಕೆ ಏನಾದರೂ ಬೇಕಲ್ಲ! ಒಂದು ದಿನ ನರ್ಸರಿಯ ಇಕ್ಕಟ್ಟಿನ ಸಾಲಲ್ಲಿ ಮೈ ತೂರಿಸ್ಕೊಂಡು ಹೋಗ್ತಿದ್ದಾಗ ಘಮ್ಮಂತ ಗುಲಾಬಿ ವಾಸನೆ. ತಿರುಗಿ ನೋಡಿದರೆ ಹೂವೇ ಇಲ್ಲ, ಬರೀ ಎಲೆ.

"ಸುವಾಸನೆ ಜೆರೇನಿಯಂ, ಸ್ವಾಮಿ," ಅಂದ ನರ್ಸರಿಯವನು. "ಬಿಸಿಲಲ್ಲಿಡಿ, ಮಣ್ಣು ಒಣಗಿದ ಮೇಲೆ ನೀರು ಹಾಕಿ. ಆಮೇಲೆ ಈ ಎಲೇನ ಹೀಗೆ..." ಅಂತ ಕೈ ಚಾಚಿದ್ದೇ ತಡ, ಮಾವ "ಮುಟ್ಟಬೇಡಿ!" ಅಂತ ಗುಡುಗಿದ. ಪಾಪ, ಅವನು ಮಿಕ್ಕ ಮಾತು ನುಂಗಿಕೊಂಡು ಗೊಬ್ಬರದ ಮೂಟೆ ಮೇಲೆ ಕುಸಿದು ಕೂತ.

ಕುಂಡ ಬಂದು ಅಡುಗೆಮನೆ ಕಿಟಕಿಯಲ್ಲಿ ವಿರಾಜಮಾನವಾಯಿತು.

"ಅದು ನನ್ನ ತಟ್ಟೆ ಒಣಗಿಸೋ ಜಾಗ ಕಣ್ರೀ!" ಅಂದಳು ಅತ್ತೆ.

"ಮನೆಯೆಲ್ಲ ಗುಲಾಬಿ ಘಮಘಮಿಸುತ್ತೆ, ನೋಡ್ತಿರು."

"ಭಾನುವಾರ ನನ್ನ ತಂಗಿ ಬರ್ತಾಳೆ. ಅಷ್ಟರಲ್ಲಿ ಘಮ್ ಅಂದ್ರೆ ಕಿಟಕಿ ಗಿಡಕ್ಕೆ. ಇಲ್ಲಾಂದ್ರೆ ಗಿಡ ಬೀದಿಗೆ."

ಮಾವ ಗಿಡದ ಸುತ್ತ ಹಗ್ಗ ಕಟ್ಟಿದ. ಬಿಸಿಲು ಎಲ್ಲ ಕಡೆ ಬೀಳಲಿ ಅಂತ ಕುಂಡವನ್ನು ದಿನಾ ಕೂದಲೆಳೆಯಷ್ಟು ತಿರುಗಿಸಿದ. ಒಣಗಿದ ಎಲೆಯನ್ನ ಇಕ್ಕಳದಲ್ಲಿ ಎತ್ತಿದ. ಗಾಳಿ ಬಂದರೆ ಕಿಟಕಿ ಮುಚ್ಚಿ ಗಾಳಿಗೂ ಬೈದ. ಗಿಡ ಹಚ್ಚಗೆ ಕೊಬ್ಬಿತು. ಆದರೆ ಹಗ್ಗದಾಚೆಯಿಂದ ಎಷ್ಟು ಮೂಗರಳಿಸಿದರೂ ವಾಸನೆ ಸೊನ್ನೆ! ಮೂಗೇ ಕೆಟ್ಟಿತೇನೋ ಅಂತ ತನ್ನ ಹಳೇ ಚಪ್ಪಲಿ ಮೂಸಿ ನೋಡಿದ. ಮೂಗು ಭೇಷಾಗಿತ್ತು.

"ಹೊಸ ಜಾಗ. ನಾಚ್ಕೋತಿದೆ," ಅಂದ.

"ನೀವೂ ಹೀಗೇ ತಾನೆ? ನೋಡೋಕೆ ಬಂದಾಗ ಘಮಘಮ. ಕಟ್ಕೊಂಡ ಮೇಲೆ ಏನೂ ಇಲ್ಲ."

ಭಾನುವಾರ ನಾದಿನಿ ಬಂದಳು, ಉದ್ದಕ್ಕೆ ಉಸಿರೆಳೆದಳು. "ಭಾವ, ನನಗೆ ಬರ್ತಿರೋದು ಈರುಳ್ಳಿ ವಾಸನೆ." ಕೈ ಚಾಚಿದಳು. "ಮುಟ್ಟಬೇಡಿ!"

"ಆಯ್ತಲ್ಲ," ಅಂದಳು ಅತ್ತೆ. "ಇನ್ನು ಹೊರಡಿಸಿ ನಿಮ್ಮ ಮಹಾರಾಣೀನ."

ಮಾವ ಹಗ್ಗ ಬಿಚ್ಚಿ, ಜ್ವರ ಬಂದ ಮಗೂನ ಎತ್ತಿಕೊಂಡ ಹಾಗೆ ಕುಂಡವನ್ನು ಎದೆಗವಚಿಕೊಂಡ. ಮನೆಗೆ ತಂದ ಮೇಲೆ ಅವನು ಗಿಡವನ್ನು ಮುಟ್ಟಿದ್ದು ಅದೇ ಮೊದಲು. ಕೆನ್ನೆ ಎಲೆಯಲ್ಲಿ ಹುದುಗಿಸಿ ಮೆಟ್ಟಿಲಿಳಿದ. ಕೆಳಗಿನ ಮನೆ ದರ್ಜಿ ಬಾಗಿಲು ತೆಗೆದು, "ಯಾರ್ರೀ ಇಷ್ಟೊಂದು ಸೆಂಟು ಸುರ್ಕೊಂಡಿರೋದು?" ಅಂದ. ಯಾರಪ್ಪಾ ಅಂತ ಮಾವನೂ ಗಿರಗಿರ ತಿರುಗಿ ಹುಡುಕಿದ. ತಿರುಗಿದಷ್ಟೂ ಎಲೆ ಉಜ್ಜಿತು, ಘಮ ಹೆಚ್ಚಿತು. ಬೀದೀಲಿ ಹೋಗ್ತಿದ್ದ ಸೈಕಲ್ಲುಗಳು ತಾವಾಗೇ ನಿಂತವು. ಒಂದು ಜೇನುಹುಳ ಬಂದು ದಾರಿ ಕೇಳಿತಂತೆ!

ಅಕ್ಕತಂಗಿ ಓಡಿ ಬಂದರು. ನಾದಿನಿ ಮಾವನ ಕೆನ್ನೆ ಮೂಸಿದಳು. "ಅಯ್ಯೋ ಭಾವ! ಉಜ್ಜಿದ್ರೆ ತಾನೇ ಈ ಎಲೆ ಪರಿಮಳ ಬಿಡೋದು!"

"ನನಗೆ ಯಾರೂ ಹೇಳಲೇ ಇಲ್ಲ!"

"ಹೇಳೋಕೆ ಬಿಟ್ಟರೆ ತಾನೆ?" ಅಂದಳು ಅತ್ತೆ. ಹೇಳ್ತಾ ಹೇಳ್ತಾ ತಾನೂ ಒಂದೆಲೆ ಉಜ್ಜಿ, ಕಣ್ಣುಮುಚ್ಚಿ ನಿಂತುಬಿಟ್ಟಳು.

ಅಪ್ಪುಗೆಗೆ ಮುರಿದ ಕಡ್ಡಿಗಳನ್ನೆಲ್ಲ ನಾದಿನಿ ಕೈಗೆ ಸಿಕ್ಕ ಲೋಟಗಳಲ್ಲಿ ಮಣ್ಣು ತುಂಬಿ ನೆಟ್ಟಳು. ಎಲ್ಲವೂ ಬೇರು ಬಿಟ್ಟವು. ಈಗ ಮನೆಯ ಕಿಟಕಿಗಳೆಲ್ಲ ಜೆರೇನಿಯಂಮಯ. ಕಿಟಕಿ ಪಕ್ಕದಲ್ಲಿದ್ದ ಮಾವನ ಆರಾಮಕುರ್ಚಿ ಬಚ್ಚಲ ಬಾಗಿಲಿಗೆ ಗಡೀಪಾರು. ಕೇಳಿದರೆ ಅತ್ತೆ, "ಘಮ್ ಅಂದ್ರೆ ಕಿಟಕಿ ಗಿಡಕ್ಕೆ ಅಂದಿದ್ದೆ. ನಾನು ಮಾತಿಗೆ ತಪ್ಪೋಳಲ್ಲ," ಅಂತಾಳೆ.

ನೆಂಟರು ಬಂದು ಬೆಲ್ ಒತ್ತಿದರೆ ಸಾಕು, "ರೀ, ಗಿಡಗಳ ಮಧ್ಯೆ ಒಂದು ಸುತ್ತು ಹಾಕಿ ಬನ್ನಿ, ತೋಳು ಅಗಲಿಸಿಕೊಂಡು!" ಅಂತ ಅಪ್ಪಣೆ. ಮಾವ ವಿಮಾನದ ಹಾಗೆ ಎಲೆ ಸವರಿಕೊಂಡು ಬಂದು, ಹಲ್ಲು ಕಿರಿದು ನಿಲ್ತಾನೆ. ಬಂದವರು ಸಾಲಾಗಿ ಅವನ ತೋಳು ಹಿಡಿದು ಮೂಸ್ತಾರೆ.

"ಆ ಕಡೆ ತೋಳೂ ಕೊಡ್ರೀ," ಅಂತಾಳೆ ಅತ್ತೆ, "ಹಿಂದಿನವರಿಗೆ ಸಿಕ್ಕಿಲ್ಲ!"